ವೇಧಶಾಲೆಯೂ ವಿಭೂತಿಹಳ್ಳಿಯೂ

ಸಿಂಧನೂರಿನ ಕಡೆಯ ತುರ್ವಿಹಾಳದಿಂದ ಬಂದ ನನ್ನ ವಿದ್ಯಾರ್ಥಿಯೊಬ್ಬ ಈಚೆಗೆ ಒಂದು ಕಥೆ ಬರೆದು ತಂದು ಮೇಜಿನ ಮೇಲಿಟ್ಟ. ಅವನ ಊರ ಹೊರಗೆ ಹಿಂದೊಮ್ಮೆ ಒಂದು ವೇಧಶಾಲೆಯಿತ್ತಂತೆ. ಅಲ್ಲಿನ ಸಿದ್ಧರು ಅಗೋಚರ ಶಕ್ತಿಗಳನ್ನೂ ಕಾಲದ ಹರಿವನ್ನೂ ಅಳೆಯುತ್ತಿದ್ದರಂತೆ. ಕಥೆ ಚೆನ್ನಾಗಿತ್ತು. "ಸಾರ್, ನಮ್ಮ ಕಡೆ ಇಂಥದು ನಿಜವಾಗಿ ಇದ್ದಿರಬಹುದೆ?" ಎಂದು ಕೇಳಿದ. ಶಕ್ತಿಗಳ ವಿಚಾರ ನನ್ನ ಅಳವಿನದಲ್ಲ. ಕಾಲದ ಮಾತಾದರೆ ಕೃಷ್ಣೆಯನ್ನು ದಾಟಿ ಶಹಾಪುರದವರೆಗೆ ಹೋಗಿ ಬಾ ಎಂದೆ.

ಶಹಾಪುರದ ಗುಡ್ಡ ಮಲಗಿದ ಬುದ್ಧನಂತೆ ಕಾಣುವುದೆಂದು ಅದನ್ನು ನೋಡಲು ಬರುವವರು ಬಹಳ. ಕೆಲವೇ ಮೈಲಿ ದೂರದ ವಿಭೂತಿಹಳ್ಳಿಯಲ್ಲಿ ಇಳಿಯುವವರು ವಿರಳ. ಅಲ್ಲಿ ಬಯಲಿನಲ್ಲಿ ಉಳಿ ಮುಟ್ಟದ ಒರಟು ಗುಂಡುಗಳು ಸಾಲುಗಟ್ಟಿ ಕುಳಿತಿವೆ. ಚೌಕದ ನಾಲ್ಕು ಮೂಲೆಗೆ ನಾಲ್ಕು, ನಡುವೆ ಒಂದು. ಅದೇ ವಿನ್ಯಾಸ ಮತ್ತೆ ಮತ್ತೆ. ಆದ್ದರಿಂದ ನೇರವಾಗಿ ನೋಡಿದರೂ ಸಾಲು, ಓರೆಯಾಗಿ ನೋಡಿದರೂ ಸಾಲು. ಬೃಹತ್ ಶಿಲಾಯುಗದ ಜನರ ಕೆಲಸವಿದೆಂಬುದು ವಿದ್ವಾಂಸರ ಸಾಮಾನ್ಯ ಅಭಿಪ್ರಾಯ. ಆ ಜನ ಹೊರಗಿನವರೇನೂ ಅಲ್ಲ. ನನ್ನ ವಿದ್ಯಾರ್ಥಿಯ ನೆರೆಯ ಮಸ್ಕಿಯಲ್ಲೇ 1954ರಲ್ಲಿ ಬಿ.ಕೆ. ಥಾಪರ್ ಅಗೆದಾಗ ಅದೇ ಸಂಸ್ಕೃತಿಯ ಗೋರಿಗಳು ಸಿಕ್ಕಿದವು.

ಸುರಪುರ ಸೀಮೆಯ ಈ ಕಲ್ಲುಗಳನ್ನು ವಿದ್ವತ್ಪ್ರಪಂಚದ ಕಣ್ಣಿಗೆ ತಂದವನು ಮೆಡೋಸ್ ಟೇಲರ್. 1841ರಿಂದ 1853ರವರೆಗೆ ಸುರಪುರ ಸಂಸ್ಥಾನದ ಮೇಲ್ವಿಚಾರಣೆಗೆಂದು ಬ್ರಿಟಿಷರು ಇರಿಸಿದ್ದ ಅಧಿಕಾರಿ ಅವನು. ಕೆಲಸದ ನಡುವೆ ಕುದುರೆಯೇರಿ ತಿರುಗಿ ಗೋರಿಗಳನ್ನೂ ಕಲ್ಲುಸಾಲುಗಳನ್ನೂ ಬರೆದಿಟ್ಟ. ಇಂಥ ಸಾಲುಗಳ ಮೇಲೆ 1956ರಲ್ಲಿ ರೇಮಂಡ್ ಆಲ್ಚಿನ್ ಒಂದು ಲೇಖನ ಪ್ರಕಟಿಸಿದ. ಆದರೆ ಖಗೋಳ ವಿಜ್ಞಾನಿಯ ಕಣ್ಣು ಇಲ್ಲಿ ಬಿದ್ದುದು ತಡವಾಗಿ. ಬೆಂಗಳೂರಿನ ಎನ್. ಕಾಮೇಶ್ವರ ರಾವ್ 1993ರಲ್ಲಿ, ಇಲ್ಲಿನ ಕೆಲವು ಸಾಲುಗಳು ವಿಷುವ ಮತ್ತು ಅಯನದ ದಿನಗಳಲ್ಲಿ ಸೂರ್ಯ ಹುಟ್ಟುವ, ಮುಳುಗುವ ದಿಕ್ಕುಗಳನ್ನು ತೋರುತ್ತವೆ ಎಂದು ವಾದಿಸಿದರು.

ಇದನ್ನು ಸಲೀಸಾಗಿ ಒಪ್ಪಬಾರದು. ಇಷ್ಟೊಂದು ಕಲ್ಲುಗಳಿದ್ದ ಕಡೆ ಯಾವುದೋ ಎರಡನ್ನು ಹಿಡಿದು ಗೆರೆ ಎಳೆದರೆ ಸೂರ್ಯನೂ ಸಿಕ್ಕುತ್ತಾನೆ, ನಮ್ಮ ಮನೆಯ ಹಿತ್ತಲ ಬಾಗಿಲೂ ಸಿಕ್ಕುತ್ತದೆ. ಆದರೆ ಒರಟು ಕಲ್ಲಿನಿಂದ ಕಾಲವನ್ನು ಅಳೆಯಲಾಗದೆಂದು ನಗುವವರು ಒಂದು ಲೆಕ್ಕ ಹಾಕಿ ನೋಡಲಿ. ಗಜದಗಲದ ಕಲ್ಲು ನೂರು ಗಜ ದೂರದಲ್ಲಿ ಸೂರ್ಯಬಿಂಬಕ್ಕಿಂತ ತುಸು ಅಗಲವಾಗಿ, ಅರ್ಧ ಅಂಶಕ್ಕೆ ಸ್ವಲ್ಪ ಮೇಲ್ಪಟ್ಟು ಕಾಣುತ್ತದೆ. ವಿಷುವದ ಸುಮಾರಿಗೆ ಸೂರ್ಯ ಹುಟ್ಟುವ ಜಾಗ ನಮ್ಮ ಸೀಮೆಯಲ್ಲಿ ದಿನಕ್ಕೆ ಸುಮಾರು ಐದನೆಯ ಎರಡಂಶದಷ್ಟು ಸರಿಯುತ್ತದೆ. ಎಂದಮೇಲೆ ಆ ದಿನವನ್ನು ಒಂದೆರಡು ದಿನದ ಅಂತರದೊಳಗೆ ಹಿಡಿಯಬಹುದು. ಅಯನದ ಹೊತ್ತಿಗೆ ಹಾಗಲ್ಲ. ಸೂರ್ಯ ನೇರ ಪೂರ್ವದಿಂದ ಇಪ್ಪತ್ತನಾಲ್ಕೂವರೆ ಅಂಶದಷ್ಟು ಉತ್ತರಕ್ಕೋ ದಕ್ಷಿಣಕ್ಕೋ ಹೋಗಿ ಕೆಲವು ದಿನ ಕದಲದೆ ನಿಂತಂತಿರುತ್ತಾನೆ. ಮಳೆ ನಂಬಿ ಬಿತ್ತುವವನಿಗೆ ಇಷ್ಟು ಸಾಕು. ಇದಕ್ಕಿಂತ ಸೂಕ್ಷ್ಮ ಬೇಕಾದದ್ದು ಜೋಯಿಸರಿಗೆ.

ಜೋಯಿಸರ ಮಾತು ಬಂತು. ಟೇಲರನೇ ಹೇಳಿದ ಒಂದು ಸಂಗತಿಯನ್ನು ಬಿಡಲಾರೆ. ಸುರಪುರದ ದೊರೆ ವೆಂಕಟಪ್ಪ ನಾಯಕ ಬಾಲ್ಯದಿಂದಲೂ ಟೇಲರನನ್ನು 'ಅಪ್ಪಾ' ಎಂದೇ ಕರೆಯುತ್ತಿದ್ದ. ಅವನು ಇಪ್ಪತ್ತನಾಲ್ಕನೆಯ ವಯಸ್ಸಿನಲ್ಲಿ ಸಾಯುವನೆಂದು ಜಾತಕ ಹೇಳಿತ್ತಂತೆ. 1858ರಲ್ಲಿ ಸುರಪುರ ಬ್ರಿಟಿಷರ ವಿರುದ್ಧ ಎದ್ದಿತು, ಅರಸ ಸೆರೆಯಾದ, ಸೆರೆವಾಸಕ್ಕೆ ಸಾಗಿಸುವ ದಾರಿಯಲ್ಲಿ ಗುಂಡಿಗೆ ಬಲಿಯಾದ. ಜಾತಕ ನಿಜವಾಯಿತೆಂದು ಟೇಲರ್ ತನ್ನ ಆತ್ಮಕಥೆಯಲ್ಲಿ ಬೆರಗಿನಿಂದ ನೆನೆಯುತ್ತಾನೆ. ಅವನ ದುಃಖ ಸುಳ್ಳಲ್ಲ. ಆದರೂ ಆ ಪುಟ ಓದಿದಾಗಲೆಲ್ಲ ನನಗೆ ಸಿಟ್ಟು ಬರುತ್ತದೆ. ಸಂಸ್ಥಾನವನ್ನು ಹಿಂಡಿದವರು, ಫೌಜು ಕಳಿಸಿದವರು, ವಿಚಾರಣೆ ನಡೆಸಿದವರು ಎಲ್ಲರೂ ಮರೆಗೆ ಸರಿದು ಶನಿ ರಾಹುಗಳ ಖಾತೆಗೆ ಸಾವು ಜಮೆಯಾಗುತ್ತದೆ. ಕಲ್ಲುಗಳ ಕಥೆಯೂ ಅಷ್ಟೆ. ಗಂಗಾವತಿಯ ಬಳಿ ಹಿರೇಬೆಣಕಲ್ಲಿನ ಗುಡ್ಡದ ಮೇಲಿನ ನೂರಾರು ಶಿಲಾಗೃಹಗಳನ್ನು ನಮ್ಮ ಜನ ಮೋರಿಯರೆಂಬ ಕುಳ್ಳರ ಮನೆಗಳೆಂದರು, ಬೇರೆಡೆ ಪಾಂಡವರ ಕೆಲಸವೆಂದರು. ಹೆಗಲು ಕೊಟ್ಟು ಕಲ್ಲು ಸಾಗಿಸಿದವನಿಗೆ ಮಾತ್ರ ಹೆಸರಿಲ್ಲ.

ಹುಡುಗನಿಗೆ ಇನ್ನೊಂದು ಕೆಲಸವನ್ನೂ ಹೇಳಿದ್ದೆ. ತುರ್ವಿಹಾಳದಲ್ಲಿ ವರ್ಷಕ್ಕೆರಡು ಸಲ, ಮೇ ಮೊದಲ ವಾರದಲ್ಲೊಮ್ಮೆ, ಆಗಸ್ಟಿನ ಮೊದಲರ್ಧದಲ್ಲೊಮ್ಮೆ, ಮಧ್ಯಾಹ್ನದ ಸೂರ್ಯ ನೆತ್ತಿಯ ಮೇಲೆ ಸರಿಯಾಗಿ ಬರುತ್ತಾನೆ. ಅಂಗಳದಲ್ಲಿ ಕೋಲು ನೆಟ್ಟು ನೋಡು ಎಂದು. ಅವನು ಮೇ ತಿಂಗಳ ಬಿಸಿಲಿನಲ್ಲಿ ನಾಲ್ಕು ದಿನ ಕಾದು ಕುಳಿತನಂತೆ. ನೆರಳು ದಿನದಿನಕ್ಕೆ ಕುಗ್ಗಿ ಒಂದು ಮಧ್ಯಾಹ್ನ ಕೋಲಿನ ಬುಡದಲ್ಲೇ ಇಲ್ಲವಾಯಿತು. ಮನೆಯವರಿಗೆ ಮಗನ ತಲೆ ಕೆಟ್ಟಿತೆಂಬ ಚಿಂತೆ.

ರಜೆ ಮುಗಿಯುವ ಮುನ್ನ ವಿಭೂತಿಹಳ್ಳಿಗೂ ಹೋಗಿ ಬಂದ. ಕಥೆಯ ಮಾತೆತ್ತಲಿಲ್ಲ. ಸಾಲುಗಳನ್ನು ಗುರುತುಹಾಕಿದ ಒಂದು ಹಾಳೆಯನ್ನು ನನ್ನ ಮುಂದೆ ಹರಡಿದ. ಎಷ್ಟೋ ಕಡೆ ಸಾಲು ತುಂಡಾಗಿ ಬರಿಯ ಚುಕ್ಕೆಗಳಿದ್ದವು.

"ಇಲ್ಲೆಲ್ಲ ಏನಿತ್ತು ಸಾರ್?"

"ಕಲ್ಲಿತ್ತು," ಎಂದೆ.