ಸೀತೆ ಮರಳಿದಳು, ಸಿರಿ ಮರಳಲಿಲ್ಲ

ಯಕ್ಷಗಾನದಲ್ಲಿ ಪ್ರೇಮಕಥೆಯೆಂದರೆ ಮದುವೆ ಮಾಡಿಸಿ ಮಂಗಳ ಹಾಡುವುದಷ್ಟೇ ಎಂಬ ಮಾತು ಈಗೀಗ ವಿಚಾರಗೋಷ್ಠಿಗಳಲ್ಲಿ ಸಲೀಸಾಗಿ ಓಡಾಡುತ್ತಿದೆ. ಗುರುವಾಯನಕೆರೆಯ ಆಸುಪಾಸಿನ ಗದ್ದೆಗಳಲ್ಲಿ ಬೆಳಗಿನವರೆಗೆ ಕೂತು ಆಟ ನೋಡಿದವರು ಇದನ್ನು ಒಪ್ಪಲಾರರು.

ಕಲ್ಯಾಣದ ಪ್ರಸಂಗಗಳೇನೋ ಹಳೆಯವು: ರುಕ್ಮಿಣಿ, ಸುಭದ್ರೆ, ಉಷೆ. ನಂದಳಿಕೆಯ ಮುದ್ದಣನೂ (1870–1901) ‘ರತ್ನಾವತಿ ಕಲ್ಯಾಣ’ ಬರೆದ. ಆದರೆ ಕಚ-ದೇವಯಾನಿಯರು ಒಬ್ಬರಿಗೊಬ್ಬರು ಶಾಪ ಕೊಟ್ಟು ಅಗಲುವ ಕಥೆಯೂ ಇದೇ ರಂಗದ್ದು.

ಸುಖಾಂತದ ದೂರನ್ನು ಮೇಳಗಳ ತಲೆಗೆ ಕಟ್ಟುವವರು ಲಕ್ಷ್ಮೀಶನನ್ನು ಓದಿಲ್ಲ. ವಾಲ್ಮೀಕಿಯ ಉತ್ತರಕಾಂಡದಲ್ಲಿ ಸೀತೆ ಭೂಮಿಗಿಳಿಯುತ್ತಾಳೆ. ಲಕ್ಷ್ಮೀಶನ ಜೈಮಿನಿ ಭಾರತದ ಕುಶ-ಲವರ ಕಥೆಯಲ್ಲಿ ರಾಮನ ಬಳಿಗೆ ಮರಳುತ್ತಾಳೆ. ಪ್ರಸಂಗಕರ್ತರು ಹಿಡಿದದ್ದು ಈ ಎರಡನೆಯ ದಾರಿ. ಅಂತ್ಯ ಬದಲಾದದ್ದು ಕಾವ್ಯದಲ್ಲೇ, ಟಿಕೆಟ್ ಕೌಂಟರಿನಲ್ಲಲ್ಲ.

ತುಳು ಪ್ರಸಂಗಗಳ ಕಥೆಯೇ ಬೇರೆ. 1887ರಲ್ಲಿ ಅಚ್ಚಾದ ಬಾಯಾರು ಸಂಕಯ್ಯ ಭಾಗವತರ ಪಂಚವಟಿ ಪ್ರಸಂಗ ಪಾರ್ತಿಸುಬ್ಬನ ನೆರಳಲ್ಲೇ ನಡೆದದ್ದು. ನಿಜವಾದ ತಿರುವು ಬಂದದ್ದು ಟಿಕೆಟ್ ಇಟ್ಟು ಆಡುವ ಡೇರೆ ಮೇಳಗಳ ಕಾಲದಲ್ಲಿ. ದಾಮೋದರ ಮಂಡೆಚ್ಚರ ಹಾಡು, ಬೋಳಾರ ನಾರಾಯಣ ಶೆಟ್ಟಿ, ಮಿಜಾರು ಅಣ್ಣಪ್ಪರ ಮಾತು: ಕರ್ನಾಟಕ ಮೇಳ ಬಂತೆಂದರೆ ಊರೇ ಡೇರೆಯೊಳಗೆ. ತುಳುವಿನ ಹಾಡುಗತೆಗಳಾದ ಪಾಡ್ದನಗಳ ಹೆಣ್ಣುಗಳು ರಂಗಕ್ಕೆ ಬಂದದ್ದೂ ಆಗಲೇ. ಸಿರಿ ಗಂಡ ಕಾಂತು ಪೂಂಜನ ಸಂಬಂಧ ಕಡಿದು ಹೊರಡುತ್ತಾಳೆ, ಕೊಡ್ಸರ ಆಳ್ವನನ್ನು ಮದುವೆಯಾಗುತ್ತಾಳೆ. ಪೂಂಜನ ಮನೆಗೆ ಮತ್ತೆ ಕಾಲಿಡುವುದಿಲ್ಲ. ಅವಳ ಮೊಮ್ಮಕ್ಕಳು ಅಬ್ಬಗ-ದಾರಗರು ಚೆನ್ನೆಯಾಟದ ಜಗಳದಲ್ಲಿ ಅಳಿಯುತ್ತಾರೆ. ಇಂಥ ಕಥೆಯನ್ನು ಹಾಡಿ ಬೆಳೆಸಿದ ಸೀಮೆಯ ಪ್ರೇಕ್ಷಕರಿಗೆ ಸುಖಾಂತವೊಂದೇ ರುಚಿಸುತ್ತದೆ ಎನ್ನುವುದು ಪಟ್ಟಣದ ಊಹೆ.

ಅದೇ ಹೊತ್ತಿಗೆ, 1979ರಿಂದ 1993ರವರೆಗೆ, ಜಪಾನಿನಲ್ಲಿ ಯಮಾತೊ ವಾಕಿ ‘ಗೆಂಜಿಯ ಕಥೆ’ಯನ್ನು ಮಾಂಗಾ ಎಂಬ ಚಿತ್ರಕಥಾ ಮಾಲಿಕೆಯಾಗಿ ಬರೆಯುತ್ತಿದ್ದರು. ಅದರ ಮೂಲವಾದ, ಲೇಖಕಿ ಮುರಸಾಕಿಯ ಆ ಹಳೆಯ ಕೃತಿಯ ಕೊನೆಯಲ್ಲಿ ಉಕಿಫುನೆ ಎಂಬ ಹೆಣ್ಣೂ ಪ್ರಿಯನಿಗೆ ಉತ್ತರ ಕೊಡದೆ ಉಳಿಯುತ್ತಾಳೆ. ಅದನ್ನು ಸಾಹಿತ್ಯದ ಸೂಕ್ಷ್ಮವೆಂದು ಮೆಚ್ಚುವವರು ಸಿರಿಯ ಹಟವನ್ನು ಜಾನಪದದ ಕಪಾಟಿಗೆ ಸೇರಿಸಿ ಸುಮ್ಮನಾಗುತ್ತಾರೆ!

ಪಾಡ್ದನಕ್ಕಾದರೂ ಭಾಗ್ಯವಿತ್ತು. ಉಜಿರೆ ಸಮೀಪದ ಮಾಚಾರಿನ ಗೋಪಾಲ ನಾಯ್ಕರು 1990ರ ಡಿಸೆಂಬರಿನಲ್ಲಿ ಹಾಡಿಕೊಟ್ಟ ಸಿರಿಯ ಪಾಡ್ದನ ‘ಸಿರಿಸಂಧಿ’ಯ 15,683 ಸಾಲುಗಳನ್ನು ಲೌರಿ ಹೊಂಕೊ, ವಿವೇಕ ರೈ, ಚಿನ್ನಪ್ಪ ಗೌಡರ ಬಳಗ 1998ರಲ್ಲಿ ಪ್ರಕಟಿಸಿತು. ಡೇರೆ ಮೇಳಗಳ ಪ್ರೇಮ ಪ್ರಸಂಗಗಳಿಗೆ ಅಂಥ ಆರೈಕೆ ಸಿಕ್ಕಿಲ್ಲ. ಪದ್ಯಗಳು ಕೈಬರಹದ ಪುಸ್ತಕಗಳಲ್ಲಿ ಉಳಿದಾವು. ಆದರೆ ಅಂತ್ಯದ ಭಾರ ಹೊರುತ್ತಿದ್ದದ್ದು ವೇಷಧಾರಿಗಳು ರಂಗದಲ್ಲೇ ಕಟ್ಟುವ ಮಾತು, ಅಂದರೆ ಅರ್ಥಗಾರಿಕೆ. ಹೆಂಡತಿ ಹೊರಟುನಿಂತಾಗ ವೇಷಧಾರಿ ಆಡಿದ ಕೊನೆಯ ಮಾತು ಯಾವ ಪುಸ್ತಕದಲ್ಲೂ ಇರದು. ಆ ಮಾತನ್ನು ಆಡಿದವರು, ಕೇಳಿದವರು ಬೆಳ್ತಂಗಡಿ, ಮೂಡುಬಿದಿರೆ, ಬಂಟ್ವಾಳಗಳಲ್ಲಿ ಇನ್ನೂ ಇದ್ದಾರೆ. ಸಂಶೋಧಕರು ಈ ಮಳೆಗಾಲದಲ್ಲಿ, ಮೇಳಗಳಿಗೆ ಬಿಡುವಿರುವಾಗಲೇ, ಅವರ ಮನೆಬಾಗಿಲಿಗೆ ಹೋಗಬೇಕು.