ವಾಯಿ: ಜಾವಳಿ ಕಣಿವೆಯ ಹೆಬ್ಬಾಗಿಲು

ಪುಣೆಯಿಂದ ಕರ್ನಾಟಕಕ್ಕೆ ಹೋಗಿಬರುವ ನಮ್ಮವರು ಖಂಬಾಟಕಿ ಘಟ್ಟವನ್ನು ದಾಟಿದ ಮೇಲೆ ಸುರೂರು ಎಂಬಲ್ಲಿ ಬಲಕ್ಕೆ ಒಡೆಯುವ ಹಾದಿಯನ್ನು ನೋಡಿಯೇ ಇರುತ್ತಾರೆ. ಅದು ವಾಯಿಯ ಹಾದಿ. ಪುಣೆಯಿಂದ ಸುಮಾರು ೫೫ ಮೈಲು. ಮಹಾಬಳೇಶ್ವರಕ್ಕೆ ಹೋಗುವ ವಿಹಾರಿಗಳು ಕೃಷ್ಣೆಯ ಘಾಟುಗಳನ್ನೂ ಢೋಲ್ಯಾ ಗಣಪತಿಯನ್ನೂ ಕಂಡು, ಪಸರಣಿ ಘಟ್ಟವನ್ನೇರಿ ಮುಂದೆ ಸಾಗುತ್ತಾರೆ. ಆದರೆ ೧೭ನೆಯ ಶತಮಾನದಲ್ಲಿ ಈ ಊರು ವಿಜಾಪುರದ ಆದಿಲಶಾಹಿಯ ಒಂದು ಸುಭೆಯ ಮುಖ್ಯ ಠಾಣೆಯಾಗಿತ್ತು. ಕನ್ನಡನಾಡಿನ ರಾಜಧಾನಿಯೊಂದರ ಅಧಿಕಾರವು ಸಹ್ಯಾದ್ರಿಯ ಒಡಲನ್ನು ಮುಟ್ಟುತ್ತಿದ್ದುದು ಈ ಬಾಗಿಲಿನಿಂದ. ಆ ಅಧಿಕಾರಕ್ಕೆ ಮೊದಲ ದೊಡ್ಡ ಪೆಟ್ಟು ಬಿದ್ದದ್ದೂ ಈ ಬಾಗಿಲಿನಾಚೆಯ ಕಣಿವೆಯಲ್ಲಿಯೇ.

ಭೂಮಿಯ ರಚನೆಯನ್ನು ಮೊದಲು ಮನಸ್ಸಿಗೆ ತಂದುಕೊಳ್ಳಬೇಕು. ಕೃಷ್ಣೆ ಕೊಯ್ನೆಗಳೆರಡೂ ಮಹಾಬಳೇಶ್ವರದ ಎತ್ತರದಲ್ಲಿ ಹುಟ್ಟುತ್ತವೆ. ಕೃಷ್ಣೆ ಪೂರ್ವಕ್ಕಿಳಿದು ವಾಯಿಯ ಬಯಲಿಗೆ ಬರುತ್ತದೆ. ಕೊಯ್ನೆ ಗುಡ್ಡದ ಆಚೆಯ ಮಗ್ಗುಲಿಗಿಳಿದು, ಸಹ್ಯಾದ್ರಿಯ ಬೆನ್ನಿಗೆ ಸಮಾನಾಂತರವಾಗಿ ದಕ್ಷಿಣಕ್ಕೆ ಹರಿದು, ಹೆಳವಾಕದಲ್ಲಿ ಪೂರ್ವಕ್ಕೆ ತಿರುಗಿ, ಕರಾಡದಲ್ಲಿ ಅಕ್ಕನನ್ನು ಕೂಡಿಕೊಳ್ಳುತ್ತದೆ. ಕೃಷ್ಣೆಯ ಕೊಳ್ಳ ತೆರೆದದ್ದು: ಕಬ್ಬು, ಅರಿಷಿಣ ಬೆಳೆಯುವ ನೆಲ, ಬಂಡಿಗೂ ಕುದುರೆಗೂ ಅನುಕೂಲ. ಕೊಯ್ನೆಯ ತಲೆಗೊಳ್ಳ, ಅಂದರೆ ಜಾವಳಿ, ಮುಚ್ಚಿದ್ದು: ಭಾರಿ ಮಳೆ, ದಟ್ಟ ಕಾಡು, ಕಡಿದಾದ ಇಳಿಜಾರು. ಜಾವಳಿಯ ಪಶ್ಚಿಮಕ್ಕೆ ಪಾರಘಟ್ಟವಿಳಿದರೆ ಪೋಲಾದಪುರ, ಮಹಾಡ. ಅಲ್ಲಿಂದ ಸಾವಿತ್ರಿಯ ಗುಂಟ ಸಮುದ್ರ. ಹೀಗಾಗಿ ದೇಶದಿಂದ ಕೊಂಕಣಕ್ಕೆ ಹೋಗುವ ಒಂದು ಮುಖ್ಯ ಹಾದಿಯ ಬಯಲಿನ ತುದಿ ವಾಯಿ. ಅದರ ಕತ್ತಲೆಯ ನಡುಭಾಗ ಜಾವಳಿ.

ವಾಯಿಯ ಪ್ರಾಚೀನತೆಗೆ ಸಮೀಪದ ಲೋಹಾರೆಯ ಬೌದ್ಧ ಗುಹೆಗಳೇ ಸಾಕ್ಷಿ. ಊರನ್ನು ಕಾಯುವಂತೆ ನಿಂತಿರುವ ಪಾಂಡವಗಡ, ವೈರಾಟಗಡಗಳನ್ನು ಪನ್ಹಾಳದ ಶಿಲಾಹಾರ ಇಮ್ಮಡಿ ಭೋಜನು ಕಟ್ಟಿಸಿದನೆಂದು ಪ್ರತೀತಿ. ಈ ವಂಶದ ಶಾಸನಗಳಲ್ಲಿ ಕನ್ನಡದವು ಹಲವು ಎಂಬುದನ್ನು ಇಲ್ಲಿ ನೆನೆಯಬಹುದು. ಅಷ್ಟರಿಂದಲೇ ವಾಯಿಯನ್ನು ಕನ್ನಡದ ಊರೆಂದು ಸಾಧಿಸಹೊರಡುವ ಉತ್ಸಾಹ ನಮಗೆ ಬೇಡ.

ಆದಿಲಶಾಹಿಯು ವಾಯಿಯಲ್ಲಿ ಸುಭೇದಾರನನ್ನಿಟ್ಟಿತೇ ಹೊರತು ಜಾವಳಿಯನ್ನು ನೇರವಾಗಿ ಆಳಲು ಹೋಗಲಿಲ್ಲ. ಕಣಿವೆಯು ಮೋರೆ ಮನೆತನದ ಕೈಯಲ್ಲಿತ್ತು. ಅವರಿಗೆ ‘ಚಂದ್ರರಾವ’ ಎಂಬ ಬಿರುದು ವಿಜಾಪುರದಿಂದಲೇ ಬಂದದ್ದು. ತಲೆಮಾರಿನಿಂದ ತಲೆಮಾರಿಗೆ ಅದೇ ಹೆಸರಾಗಿ ಉಳಿಯಿತು. ಉತ್ತರಕ್ಕಿದ್ದ ಮಾವಳಗಳಲ್ಲಿ ದೇಶಮುಖರು ಇದೇ ಬಗೆಯವರು. ನಮ್ಮ ಕಡೆಯ ದೇಸಾಯಿ, ನಾಡಗೌಡರನ್ನು ಬಲ್ಲವರಿಗೆ ಇವರನ್ನು ಬೇರೆಯಾಗಿ ಪರಿಚಯಿಸಬೇಕಾಗಿಲ್ಲ. ಕಾಡಿನ ದಾರಿ, ಹೊಳೆಯ ಕಡವು, ಕಾಳಿನ ಕಣಜ, ಕಾಲಾಳಿನ ನಿಷ್ಠೆ, ಎಲ್ಲವೂ ಇವರ ವಶ. ಸುಲ್ತಾನನಿಗೆ ಸೇರುತ್ತಿದ್ದುದು ಕಪ್ಪ ಮತ್ತು ಹೆಸರಿನ ಒಡೆತನ. ಇದನ್ನು ದೌರ್ಬಲ್ಯವೆನ್ನುವಂತಿಲ್ಲ. ಅಂಥ ನಾಡನ್ನು ಕಡಿಮೆ ವೆಚ್ಚದಲ್ಲಿ ಆಳುವ ಜಾಣ ಉಪಾಯವದು. ಆದರೆ ಅದರ ಭಾರವೆಲ್ಲ ಒಂದು ಮನೆತನದ ಮೇಲೆ ನಿಂತಿತ್ತು.

೧೬೪೯ರಲ್ಲಿ ವಾಯಿಯ ಸುಭೇದಾರಿಕೆ ಅಫಜಲಖಾನನಿಗೆ ಬಂದಿತು. ಕರ್ನಾಟಕದ ದಂಡಯಾತ್ರೆಗಳಲ್ಲಿ ಹೆಸರು ಮಾಡಿದ ಸರದಾರನೀತ. ಸಿರೆಯ ನಾಯಕ ಕಸ್ತೂರಿರಂಗನನ್ನು ಸಂಧಾನಕ್ಕೆಂದು ಕರೆದು ಕೊಲ್ಲಿಸಿದನೆಂಬ ಅಪಕೀರ್ತಿಯೂ ಇವನನ್ನು ಅಂಟಿಕೊಂಡಿತ್ತು. ಜಾವಳಿಯ ಮೇಲೆ ಆಗಲೇ ಇವನ ಕಣ್ಣು ಬಿದ್ದಿತು. ಆ ಕಾರ್ಯಕ್ಕೆ ಒದಗಬೇಕೆಂದು ರೋಹಿಡಖೋರೆಯ ದೇಶಮುಖ ಕಾನ್ಹೋಜಿ ಜೇಧೆಗೆ ಬರೆದನು. ವಾಯಿಯ ಅಧಿಕಾರಿಯೂ ಕಣಿವೆಗಿಳಿಯಲು ಮತ್ತೊಬ್ಬ ಕಣಿವೆಯವನ ಕೈ ಹಿಡಿಯಬೇಕಾಗಿತ್ತೆಂಬುದು ಇದರಿಂದ ತಿಳಿಯುತ್ತದೆ. ಅಷ್ಟರಲ್ಲಿ ಖಾನನಿಗೆ ಕರ್ನಾಟಕದ ಕೆಲಸ ಬಂದು, ಆ ಯೋಚನೆ ಅಲ್ಲಿಗೇ ನಿಂತಿತು.

ಖಾನನು ಯೋಚಿಸಿ ಬಿಟ್ಟದ್ದನ್ನು ಶಿವಾಜಿಯು ೧೬೫೬ರ ಆರಂಭದಲ್ಲಿ ಮಾಡಿ ಮುಗಿಸಿದನು. ಮೋರೆಗಳನ್ನು ಕಿತ್ತೊಗೆದ ರೀತಿಯನ್ನು ಕುರಿತು ಮರಾಠಿ ಇತಿಹಾಸಕಾರರಲ್ಲಿ ಬಹಳ ವಾದವಾಗಿದೆ. ಅದು ಕ್ರೂರವಾಗಿತ್ತೆಂಬುದರಲ್ಲಿ ನನಗೆ ಸಂಶಯವಿಲ್ಲ. ಪರಿಣಾಮವಂತೂ ನಿರ್ವಿವಾದ. ಜಾವಳಿಯ ಜೊತೆಗೆ, ಮುಂದೆ ರಾಯಗಡವೆನಿಸಿದ ರಾಯರಿಯೂ ಅವನಿಗೆ ದೊರೆಯಿತು. ಪಾರಘಟ್ಟದ ನೆತ್ತಿಯ ಮೇಲೆ, ಸುಮಾರು ೩,೫೦೦ ಅಡಿ ಎತ್ತರದಲ್ಲಿ, ಮೋರೋಪಂತ ಪಿಂಗಳೆಯ ಮೇಲ್ವಿಚಾರಣೆಯಲ್ಲಿ ಪ್ರತಾಪಗಡವು ಎದ್ದಿತು. ಅದೇ ವರ್ಷದ ನವೆಂಬರಿನಲ್ಲಿ ಮಹಮ್ಮದ ಆದಿಲಶಹನು ತೀರಿಕೊಂಡನು. ವಾಯಿ ಇನ್ನೂ ವಿಜಾಪುರದ್ದೇ ಆಗಿತ್ತು. ಬಾಗಿಲು ಉಳಿದು ಮನೆ ಹೋಗಿತ್ತು.

೧೬೫೯ರ ಪ್ರಸಂಗವನ್ನು ಈ ಹಿನ್ನೆಲೆಯಲ್ಲಿ ನೋಡಬೇಕು. ಪ್ರತಾಪಗಡದ ಬುಡದ ಆ ಡೇರೆಯಲ್ಲಿ ಮೊದಲು ಯಾರು ಕೈಮಾಡಿದರೆಂಬ ಚರ್ಚೆಯಲ್ಲಿಯೇ ನಮ್ಮ ಗಮನವೆಲ್ಲ ವ್ಯಯವಾಗಿದೆ. ಪುಣೆಯಲ್ಲಿ ನೆಲಸಿದ ಕನ್ನಡಿಗನಿಗಂತೂ ಈ ಕಥೆಯನ್ನು ಕೇಳುವಾಗ ತಾನು ಯಾವ ಕಡೆಯವನೆಂದು ಯಾರಾದರೂ ನಗೆಯಲ್ಲಾದರೂ ಕೇಳಿಯೇ ಕೇಳುತ್ತಾರೆ. ವಾಯಿಯಲ್ಲಿ ನಿಂತು ನೋಡಿದರೆ ಆ ಪ್ರಶ್ನೆ ಹಿಂದೆ ಸರಿದು ಬೇರೊಂದು ಮುಂದೆ ಬರುತ್ತದೆ: ಸುಮಾರು ೧೦,೦೦೦ ಸವಾರರ ಒಡೆಯನಾದ ಖಾನನು, ಹತ್ತು ವರ್ಷಗಳಿಂದ ಈ ಸೀಮೆಯನ್ನು ಬಲ್ಲವನು, ಕುದುರೆ ಓಡದ ಕಾಡಿಗೆ ಏಕೆ ಇಳಿದನು?

ಬಲವಿದ್ದುದು ಅವನಿಗೆ ವಾಯಿಯ ಬಯಲಿನಲ್ಲಿ. ಶಿವಾಜಿಯು ಅಲ್ಲಿಗೆ ಬರಲೊಪ್ಪಲಿಲ್ಲ; ತನಗೆ ಅಂಜಿಕೆ, ಖಾನರೇ ಜಾವಳಿಗೆ ಬರಬೇಕೆಂದು ಹೇಳಿಕಳುಹಿಸಿದನು. ಖಾನನ ಕಡೆಯಿಂದ ಕೃಷ್ಣಾಜಿ ಭಾಸ್ಕರ, ಶಿವಾಜಿಯ ಕಡೆಯಿಂದ ಪಂತಾಜಿ ಗೋಪಿನಾಥ ಓಡಾಡಿದರು. ಕಾಯುತ್ತ ಕೂಡುವುದು ಖಾನನಿಗೆ ಸಾಧ್ಯವಿರಲಿಲ್ಲ. ಬಯಲಿನ ಸೈನ್ಯ ದಿನದಿನಕ್ಕೆ ಮೇವು ಕಾಳು ಬೇಡುತ್ತದೆ. ಕೋಟೆಯನ್ನು ಮುತ್ತಬೇಕಾದರೆ ಕಾಡನ್ನು ಬಲ್ಲ ಕಾಲಾಳು ಬೇಕು. ಆ ಕಾಲಾಳನ್ನು ಕೊಡಬೇಕಾದವರು ದೇಶಮುಖರು. ಅವರನ್ನು ಕರೆಯುವ ಯತ್ನವನ್ನು ವಿಜಾಪುರವು ಮಾಡದೆ ಬಿಟ್ಟಿರಲಿಲ್ಲ: ಖಾನನನ್ನು ಕೂಡಿಕೊಳ್ಳಬೇಕೆಂದು ಅಲಿ ಆದಿಲಶಹನು ಕಾನ್ಹೋಜಿ ಜೇಧೆಗೆ ಕಳುಹಿಸಿದ ೧೬೫೯ರ ಜೂನ್ ೧೬ರ ಫರ್ಮಾನು ಪ್ರಸಿದ್ಧವಾಗಿದೆ. ಖಂಡೋಜಿ ಖೋಪಡೆ ಖಾನನೆಡೆಗೆ ಹೋದನು. ಜೇಧೆಯು ಮಕ್ಕಳನ್ನೂ ಕರೆದುಕೊಂಡು ಶಿವಾಜಿಯ ಬಳಿಗೆ ಹೋದನು. ಇವನು ಹಿಂದೆ ಶಹಾಜಿಯೊಡನೆ ಕರ್ನಾಟಕದಲ್ಲಿ ಸೇವೆ ಮಾಡಿದವನು. ವಿಜಾಪುರದ ಕೃಪೆಯನ್ನೂ ಕೋಪವನ್ನೂ ಬಲ್ಲವನು. ವತನವನ್ನೇ ಪಣಕ್ಕಿಟ್ಟ ಅವನ ಈ ನಿರ್ಧಾರವು ಡೇರೆಯ ಭೇಟಿಗೆ ಮುಂಚೆಯೇ ಅರ್ಧ ಯುದ್ಧವನ್ನು ತೀರಿಸಿತೆಂದು ನನ್ನ ಅಭಿಪ್ರಾಯ.

ಖಾನನು ಹೊರಟನು. ಅವನಿಗಾಗಿ ಕಾಡಿನಲ್ಲಿ ದಾರಿ ಕಡಿಸಿದವನು ಶಿವಾಜಿಯೇ; ದಾರಿಯುದ್ದಕ್ಕೂ ಅನ್ನಪಾನಗಳ ಏರ್ಪಾಡನ್ನೂ ಮಾಡಿಸಿದ್ದನು. ಕಣಿವೆಯ ಯಜಮಾನ ಯಾರೆಂಬುದಕ್ಕೆ ಇದಕ್ಕಿಂತ ಬೇರೆ ಪ್ರಮಾಣ ಬೇಕಿಲ್ಲ. ಸೈನ್ಯವು ಮಹಾಬಳೇಶ್ವರದ ಮೇಲಿನಿಂದ ರಡತೋಂಡಿ ಘಟ್ಟವನ್ನಿಳಿಯಿತು. ‘ಅಳುಮೋರೆ’ ಎಂದೇ ಆ ಹೆಸರಿನ ಅರ್ಥ. ಪಾರ ಗ್ರಾಮದ ಬಳಿ, ಕೊಯ್ನೆಯ ಹಳ್ಳಗಳಲ್ಲಿ ನೀರಿದ್ದೆಡೆಯಲ್ಲೆಲ್ಲ ಚದುರಿ ಬೀಡುಬಿಟ್ಟಿತು. ನವೆಂಬರ್ ೧೦ರಂದು ಖಾನನು ಮಡಿದನು. ಕಾಡಿನಲ್ಲಿ ಅವಿತಿದ್ದ ಮಾವಳಿಗರು ಬೀಡಿನ ಮೇಲೆ ಬಿದ್ದರು. ಅವನ ಮಗ ಫಾಜಲಖಾನನು ಕೊಯ್ನೆಯ ದಂಡೆಯ ಕಾಡುದಾರಿ ಹಿಡಿದು ತಪ್ಪಿಸಿಕೊಂಡನು. ಆ ದಾರಿಯನ್ನು ತೋರಿಸಿದವರೂ ಖೋಪಡೆಯ ಮಾವಳಿಗರೇ. ಖಾನನ ಗೋರಿ ಪ್ರತಾಪಗಡದ ಬುಡದಲ್ಲಿದೆ. ವಿಜಾಪುರದ ಹೊರವಲಯದಲ್ಲಿ ಅವನು ಬದುಕಿದ್ದಾಗಲೇ ತನಗೆಂದು ಕಟ್ಟಿಸತೊಡಗಿದ ಗೋರಿ ಬರಿದಾಗಿಯೇ ಉಳಿಯಿತು.

ಅನಂತರ ವಾಯಿ ಹಿಮ್ಮುಖವಾಗಿ ತೆರೆಯಿತು. ಪೂರ್ವದಿಂದ ಪಶ್ಚಿಮಕ್ಕೆ ಸೈನ್ಯವನ್ನು ಕಳುಹಿಸುತ್ತಿದ್ದ ಠಾಣೆಯಿಂದಲೇ ಈಗ ಪಶ್ಚಿಮದವರು ವಿಜಾಪುರದ ಸೀಮೆಗೆ ಹರಿದರು; ಹದಿನೆಂಟೇ ದಿನಗಳಲ್ಲಿ, ನವೆಂಬರ್ ೨೮ಕ್ಕೆ, ಪನ್ಹಾಳ ಅವರ ಕೈಸೇರಿತು. ವಿಜಾಪುರವು ೧೬೮೬ರಲ್ಲಿ ಮೊಗಲರಿಗೆ ಬಿದ್ದ ಮೇಲೆ, ಅಲ್ಲಿಯ ಸರದಾರನಾಗಿದ್ದ ಸರ್ಜಾಖಾನನು ಮೊಗಲರ ಪರವಾಗಿ ಮತ್ತೊಮ್ಮೆ ವಾಯಿಗೆ ಬಂದನು. ೧೬೮೭ರ ಆ ಕಾಳಗದಲ್ಲಿ ಮರಾಠರ ಸೇನಾಪತಿ ಹಂಬೀರರಾವ ಮೋಹಿತೆ ಮಡಿದನು.

ಪೇಶವೆಯರ ಕಾಲದ ವಾಯಿ ಶ್ರೀಮಂತರ, ಶಾಸ್ತ್ರಿಗಳ ಊರು. ರಾಸ್ತೆಯವರು ೧೭೬೨ರಲ್ಲಿ ಢೋಲ್ಯಾ ಗಣಪತಿಯ ಗುಡಿಯನ್ನು ಕಟ್ಟಿಸಿದರು. ಸಮೀಪದ ಮೇಣವಲಿಯಲ್ಲಿ ನಾನಾ ಫಡಣವೀಸನ ವಾಡೆಯಿದೆ. ೨೦ನೆಯ ಶತಮಾನದಲ್ಲಿ ಪ್ರಾಜ್ಞ ಪಾಠಶಾಲೆ, ಧರ್ಮಕೋಶ, ಮರಾಠಿ ವಿಶ್ವಕೋಶಗಳಿಂದ ಈ ಪಾಂಡಿತ್ಯ ಮುಂದುವರಿಯಿತು. ಅದು ಬೇರೊಂದು ಲೇಖನದ ವಿಷಯ.

ಇತ್ತ ಜಾವಳಿಯ ಹೆಸರಿನ ತಾಲೂಕಿನ ಕಚೇರಿ ಈಗ ಮೇಢೆಯಲ್ಲಿದೆ. ೧೯೬೦ರ ದಶಕದಲ್ಲಿ ಕೊಯ್ನಾ ಆಣೆಕಟ್ಟು ಪೂರ್ತಿಯಾದಂದಿನಿಂದ ಶಿವಸಾಗರದ ಹಿನ್ನೀರು ತಾಪೋಳೆಯವರೆಗೂ ಚಾಚಿಕೊಂಡಿದೆ. ಫಾಜಲಖಾನನು ಓಡಿದ ಹೊಳೆದಂಡೆಯ ಬಹುಭಾಗ ಆ ನೀರಿನಡಿಯಲ್ಲಿದೆ.