ಕಲ್ಯಾಣದ ಅರ್ಥಚಿಂತನೆಯನ್ನು ಓದಿದವರು

ಕಾಯಕವೆಂದರೆ ಹೆಚ್ಚು ದುಡಿಯಬೇಕೆಂಬ ಉಪದೇಶ, ಅನುಭವ ಮಂಟಪವೆಂದರೆ ಜಗತ್ತಿನ ಮೊದಲ ಪಾರ್ಲಿಮೆಂಟು. ಬಸವಕಲ್ಯಾಣದ ವೇದಿಕೆಗಳಲ್ಲಿ ಈಗ ಇವೆರಡೇ ಮಾತು. ನಿರ್ಣಾ, ಹುಮನಾಬಾದ್ ಕಡೆಯ ನಮ್ಮ ಹುಡುಗರೂ ಭಾಷಣ ಸ್ಪರ್ಧೆಗೆ ಇದನ್ನೇ ಬಾಯಿಪಾಠ ಮಾಡುತ್ತಾರೆ. ಆಸ್ತಿ, ಬೊಕ್ಕಸ, ದುಡಿಮೆ ಇವುಗಳ ಬಗ್ಗೆ ಇದೇ ಕಲ್ಯಾಣ, ಚಾಲುಕ್ಯರ ಮತ್ತು ಬಿಜ್ಜಳನ ಕಾಲದ ಸುಮಾರು ನೂರು ವರ್ಷಗಳಲ್ಲಿ, ಎಷ್ಟು ಆಳವಾಗಿ ಯೋಚಿಸಿತ್ತು ಎಂಬುದನ್ನು ಅವರಿಗೆ ಹೇಳಿಕೊಟ್ಟವರಿಲ್ಲ.

ಆ ಚಿಂತನೆಯ ಆಧುನಿಕ ಓದು ಶುರುವಾದದ್ದು ಕೋರ್ಟಿನ ಅಗತ್ಯಕ್ಕೆ. ಕಲ್ಯಾಣದ ಚಾಲುಕ್ಯ ದೊರೆ ಆರನೇ ವಿಕ್ರಮಾದಿತ್ಯನ ಕಾಲದ ವಿಜ್ಞಾನೇಶ್ವರನ ಧರ್ಮಶಾಸ್ತ್ರ ವ್ಯಾಖ್ಯಾನ ಮಿತಾಕ್ಷರದಿಂದ ಆಸ್ತಿ ಹಂಚಿಕೆಯ ದಾಯವಿಭಾಗವನ್ನಷ್ಟೇ ಎತ್ತಿಕೊಂಡು ಕೋಲ್‌ಬ್ರೂಕ್ 1810ರಲ್ಲಿ ಇಂಗ್ಲಿಷಿಗೆ ತಂದ. 1909ರಲ್ಲಿ ಮೈಸೂರಿನ ಆರ್. ಶಾಮಶಾಸ್ತ್ರಿಗಳು ಕೌಟಿಲ್ಯನ ಅರ್ಥಶಾಸ್ತ್ರವನ್ನು ಅಚ್ಚು ಹಾಕಿಸಿದ ಮೇಲೆ ರಾಜ್ಯಶಾಸ್ತ್ರದ ಹಳೆಯ ಗ್ರಂಥಗಳಿಗೆ ಬೆಲೆ ಬಂತು. ವಿಕ್ರಮಾದಿತ್ಯನ ಮಗ ಮೂರನೇ ಸೋಮೇಶ್ವರನ ಮಾನಸೋಲ್ಲಾಸ 1925ರಿಂದ ಬರೋಡಾದಲ್ಲಿ ಸಂಪುಟಗಳಾಗಿ ಹೊರಬಿತ್ತು. ಅದಕ್ಕೂ ಮೊದಲೇ, 1923ರಲ್ಲಿ, ಫ.ಗು. ಹಳಕಟ್ಟಿಯವರು ವಚನಶಾಸ್ತ್ರಸಾರ ಪ್ರಕಟಿಸಿದ್ದರು.

ನಮ್ಮ ಪೀಳಿಗೆಯನ್ನು ಬೆಳೆಸಿದ್ದು ಧಾರವಾಡದ ಶಾಸನ ಪರಂಪರೆ. ಹೈದರಾಬಾದ್ ಸಂಸ್ಥಾನದ ಕನ್ನಡ ಜಿಲ್ಲೆಗಳ ಶಾಸನಗಳನ್ನು ಪಿ.ಬಿ. ದೇಸಾಯಿಯವರು 1958ರಲ್ಲಿ ಸಂಪುಟವಾಗಿ ತಂದಾಗ ನಮ್ಮ ಸೀಮೆಗೆ ಮೊದಲ ಬಾರಿ ಗಟ್ಟಿ ಆಧಾರ ಸಿಕ್ಕಿತು. ಹತ್ತು ವರ್ಷದ ನಂತರ ಬಂದ ಅವರ ಬಸವೇಶ್ವರ ಕುರಿತ ಗ್ರಂಥ ಪುರಾಣ, ವಚನಗಳ ಪಕ್ಕದಲ್ಲಿ 1260ರ ಅರ್ಜುನವಾಡ ಶಾಸನವನ್ನೂ ಇಟ್ಟು ನೋಡಿತು. ಜಿ.ಎಸ್. ದೀಕ್ಷಿತರು ಮಹಾಜನರ, ನಗರ ಸಭೆಗಳ ಆಡಳಿತವನ್ನು ಬಿಡಿಸಿದರು. 1970ರ ದಶಕದಲ್ಲಿ ಎಸ್. ಗುರುರಾಜಾಚಾರ್, ಜಿ.ಆರ್. ಕುಪ್ಪುಸ್ವಾಮಿ ಇವರ ಪುಸ್ತಕಗಳು ಬಂದು ಸುಂಕ, ಅಳತೆ, ಅಯ್ಯಾವೊಳೆ ಐನೂರ್ವರೆಂಬ ವರ್ತಕ ಸಂಘದ ವ್ಯಾಪಾರ ಕಣ್ಣಿಗೆ ಕಟ್ಟಿದವು. ಇಂದಿಗೂ ಇವನ್ನು ಮೀರಿಸುವ ಕೆಲಸ ಆಗಿಲ್ಲವೆಂದೇ ನನ್ನ ಎಣಿಕೆ. ಆದರೆ ಅವು ಹೇಳಿದ್ದು ವ್ಯವಹಾರದ ಕಥೆ. ಆ ವ್ಯವಹಾರದ ನ್ಯಾಯ ಅನ್ಯಾಯ ಕುರಿತ ವಿಚಾರ ಸಾಹಿತ್ಯ ವಿಭಾಗದ ಪಾಲಿಗೆ ಹೋಗಿ, ಅಲ್ಲಿ ಭಕ್ತಿಯಾಗಿ ಉಳಿಯಿತು.

ಮಾನಸೋಲ್ಲಾಸದ ಹೆಸರೆತ್ತಿದರೆ ಈಗ ಇಡ್ಲಿಯ ಪೂರ್ವಜ ಇಡ್ಡರಿಕೆಯದೇ ಸುದ್ದಿ. ಸುಮಾರು 1129ರ ಆ ಗ್ರಂಥದ ನೂರು ಅಧ್ಯಾಯಗಳಲ್ಲಿ ಮೊದಲ ನಲವತ್ತು ರಾಜ್ಯವನ್ನು ಗಳಿಸುವುದು, ನಿಲ್ಲಿಸಿಕೊಳ್ಳುವುದು ಇವನ್ನೇ ಕುರಿತವು. ಕೋಶವನ್ನು ತುಂಬಲು ರತ್ನಪರೀಕ್ಷೆ, ಧಾತುವಾದಗಳವರೆಗೆ ಅಲ್ಲಿ ವಿವರವಿದೆ. ಮುಂದೆ ಕೆಲವೇ ದಶಕಗಳಲ್ಲಿ ಅದೇ ಕಲ್ಯಾಣದಲ್ಲಿ ಬಿಜ್ಜಳನ ಭಂಡಾರ ನೋಡಿಕೊಂಡವನು ಬಸವಣ್ಣ. ಚೆಲ್ಲಿದ ಅಕ್ಕಿಯನ್ನು ಆಯ್ದು ಬದುಕುತ್ತಿದ್ದ ಅವನ ಬಳಗದ ಶರಣ ಆಯ್ದಕ್ಕಿ ಮಾರಯ್ಯ ಅಂದಿಗೆ ಬೇಕಾದ್ದಕ್ಕಿಂತ ಹೆಚ್ಚು ತಂದಾಗ, ಅವನ ಹೆಂಡತಿ ಲಕ್ಕಮ್ಮ ಅದನ್ನು ಹಿಂದಿರುಗಿಸಲು ಹೇಳುತ್ತಾಳೆ. ಆಸೆ ಅರಸರಿಗೆ ಸಲ್ಲುವುದು, ಭಕ್ತರಿಗಲ್ಲ ಎಂಬುದು ಅವಳ ವಾದದ ತಿರುಳು. ಇದು ಮನೆವಾರ್ತೆಯ ಬುದ್ಧಿಮಾತಲ್ಲ, ಕೋಶಸಿದ್ಧಾಂತಕ್ಕೇ ಕೊಟ್ಟ ಉತ್ತರ. ವಚನಗಳು ನಮಗೆ ಸಿಕ್ಕಿದ್ದು ಬಹುಪಾಲು 15ನೇ ಶತಮಾನದಿಂದೀಚಿನ ಸಂಕಲನಗಳಲ್ಲಿ ಎಂಬ ಎಚ್ಚರವಿಟ್ಟುಕೊಂಡೇ ಈ ಮಾತು ಹೇಳುತ್ತೇನೆ. ಕಾಯಕವನ್ನು ವೆಬರನ ಪ್ರೊಟೆಸ್ಟಂಟ್ ನೀತಿಗೆ ಹೋಲಿಸಿ ಬರೆಯುವವರು ಲಕ್ಕಮ್ಮನನ್ನು ಓದಿಯೇ ಇಲ್ಲ. ಉಳಿತಾಯ ಬಂಡವಾಳವಾಗುವ ಬಗೆಯನ್ನು ವೆಬರ್ ಹುಡುಕಿದ. ಇವಳು ಉಳಿತಾಯವನ್ನೇ ಹೊಸ್ತಿಲಾಚೆ ನಿಲ್ಲಿಸಿದಳು.

1993ರಲ್ಲಿ ಎಂ.ಎಂ. ಕಲಬುರ್ಗಿಯವರ ಪ್ರಧಾನ ಸಂಪಾದಕತ್ವದಲ್ಲಿ ಸಮಗ್ರ ವಚನ ಸಂಪುಟಗಳು ಬಂದ ಮೇಲೆ ಪಠ್ಯ ಸಿಗುವುದಿಲ್ಲವೆನ್ನುವ ನೆಪ ಉಳಿದಿಲ್ಲ. ಆದರೂ ಮಿತಾಕ್ಷರ, ಮಾನಸೋಲ್ಲಾಸ, ವಚನ ಮೂರನ್ನೂ ಒಂದೇ ಊರಿನ ಒಂದೇ ವಾಗ್ವಾದವೆಂದು ಓದಿದ ಪುಸ್ತಕ ನನ್ನ ಕಣ್ಣಿಗೆ ಬಿದ್ದಿಲ್ಲ. ಸಂಸ್ಕೃತ ಬಲ್ಲವರು ವಚನದ ಕಡೆ ಬರುವುದಿಲ್ಲ, ವಚನ ಬಲ್ಲವರು ಧರ್ಮಶಾಸ್ತ್ರ ಮುಟ್ಟುವುದಿಲ್ಲ. ಸ್ವತ್ತೆಂಬುದು ಲೌಕಿಕ, ಶಾಸ್ತ್ರವರಿಯದ ಗಡಿನಾಡಿನ ಜನರಲ್ಲೂ ಅದು ಇದೆ ಎಂದವನು ವಿಜ್ಞಾನೇಶ್ವರ. ಪಿತ್ರಾರ್ಜಿತದಲ್ಲಿ ಮಗನಿಗೆ ಹುಟ್ಟಿನಿಂದಲೇ ಹಕ್ಕೆಂದ ಅವನು ಸ್ತ್ರೀಧನದ ವ್ಯಾಪ್ತಿಯನ್ನೂ ಹಿಗ್ಗಿಸಿದ. ಹೆಣ್ಣಿನ ಸ್ವತ್ತಿನ ಬಗ್ಗೆ ಅವನು ಬರೆದದ್ದನ್ನೂ, ಮನೆಗೆ ಏನು ಬರಬೇಕು, ಏನು ಬರಬಾರದು ಎಂದು ತಾನೇ ತೀರ್ಮಾನಿಸಿದ ಲಕ್ಕಮ್ಮನ ವಚನಗಳನ್ನೂ ಎದುರುಬದುರು ಇಟ್ಟು ಒಂದು ಪಿಎಚ್.ಡಿ. ಪ್ರಬಂಧ ಬರಲಿ. ಮಾರ್ಗದರ್ಶಕರಾಗಿ ಸಂಸ್ಕೃತದವರೊಬ್ಬರು, ಕನ್ನಡದವರೊಬ್ಬರು ಜೊತೆಯಾಗಿ ಕೂರಲಿ.